ಗುಡಿ ದೇವರದು, ಜಾಗ ಯಾರದು? ಬಾದಾಮಿಯ ಶಾಸನದಿಂದ 2021ರ ಕಾಯ್ದೆಯವರೆಗೆ

ಭಾಗ 1/10
ಫೋಟೊ: ನಮ್ಮೂರ ಸರ್ಕಾರಿ ಸಾಲಿಯ ಮೈದಾನ

ಇಳಕಲ್ ಸೀರೆಯ ಸರಣಿ ಮುಗಿದ ಮೇಲೆ ಮುಂದೇನು ಅಂತ ಭಾಳ ಮಂದಿ ಕೇಳಿದ್ರಿ. ಈ ಸಲ ಸ್ವಲ್ಪ ಬಿಸಿ ವಿಷಯ ಐತಿ. ಪೂರ್ತಿ ಓದಿದ ಮೇಲೆ ಕಾಮೆಂಟ್ ಹಾಕ್ರಿ, ಮೊದಲೇ ಬ್ಯಾಡ.

ಫೋಟೊ ನೋಡ್ರಿ. ಹುನಗುಂದ ತಾಲ್ಲೂಕಿನ ನಮ್ಮೂರ ಸರ್ಕಾರಿ ಸಾಲಿಯ ಮೈದಾನ ಇದು. ಎಡಗಡೆ ಮೂಲೆಯಲ್ಲಿ ಬೇವಿನ ಮರ, ಅದರ ಬುಡಕ್ಕೆ ದುರಗವ್ವನ ಗುಡಿ. ನಮ್ಮ ಆಯಿ ಸೊಸೆಯಾಗಿ ಈ ಊರಿಗೆ ಬಂದಾಗ ಅಲ್ಲಿ ಇದ್ದದ್ದು ಕುಂಕುಮ ಹಚ್ಚಿದ ಒಂದು ಕಲ್ಲು ಅಷ್ಟೇ. ಆಮೇಲೆ ಕಲ್ಲಿನ ಸುತ್ತ ಕಟ್ಟಿ ಆಯ್ತು. ಕಟ್ಟಿಯ ಮೇಲೆ ಪತ್ರಾಸ್ ಬಂತು. ಊರವರು ಪಟ್ಟಿ ಎತ್ತಿ ಗೋಡೆ ಕಟ್ಟಿಸಿದರು, ಸ್ಲ್ಯಾಬ್ ಹಾಕಿಸಿದರು. ನಾನು ಎಂಟನೇ ಕ್ಲಾಸಿನಲ್ಲಿದ್ದಾಗ ಮುಂದೆ ಮಂಟಪ ಬಂತು. 2022ರಲ್ಲಿ ಮಂಟಪದ ಸುತ್ತ ಕಬ್ಬಿಣದ ಗ್ರಿಲ್ ಬಂತು. ನಾವು ಆಡುತ್ತಿದ್ದ ಕಬಡ್ಡಿ ಅಂಕಣದ ಅರ್ಧ ಈಗ ಆ ಗ್ರಿಲ್ಲಿನ ಒಳಗೈತಿ.

ಹೋದ ವರ್ಷ ಸಾಲಿಗೆ ಹೊಸ ಕೋಣೆ ಮಂಜೂರಾಯ್ತು. ಅಳತೆಗೆ ಬಂದವರು ನಕ್ಷೆ ಬಿಚ್ಚಿ, ಗುಡಿ ನಿಂತಿರೋ ಜಾಗವೂ ಸಾಲಿಯದೇ ಅಂದರು. ಅವತ್ತಿನಿಂದ ಊರು ಎರಡು ಭಾಗ ಆಗೈತಿ. ಒಬ್ಬರು "ಅವ್ವನ್ನ ಮುಟ್ಟಿದರ ನೋಡ್ರಿ" ಅಂತಾರ, ಇನ್ನೊಬ್ಬರು "ನಮ್ಮ ಮಕ್ಕಳು ವರಾಂಡದಾಗ ಕುಂತು ಓದಬೇಕೇನು" ಅಂತಾರ.

ಆಯಿ ನನ್ನ ಕೇಳಿದಳು: "ನೀ ಹಿಸ್ಟರಿ ಓದಾಕತ್ತೀಯಲ್ಲ, ಹೇಳು. ಅವ್ವ ಮೊದಲ ಬಂದಾಳೋ, ಸಾಲಿ ಮೊದಲ ಬಂದೈತೋ?"

ನನಗೆ ಉತ್ತರ ಗೊತ್ತಿರಲಿಲ್ಲ. ಹುಡುಕುತ್ತಾ ಹೋದಾಗ ಸಿಕ್ಕಿದ್ದೆಲ್ಲ ಈ ಹತ್ತು ಪೋಸ್ಟ್‌ಗಳಲ್ಲಿ ಐತಿ. ಗುಡಿ, ಮಸೀದಿ, ಚರ್ಚು, ದರ್ಗಾ, ಎಲ್ಲದಕ್ಕೂ ಒಂದೇ ಪ್ರಶ್ನೆ: ಕಟ್ಟಡ ದೇವರದು, ಸರಿ. ಕೆಳಗಿನ ಮಣ್ಣು ಯಾರದು?

ಭಾಗ 2/10
ಫೋಟೊ: ಬಾದಾಮಿ, ಮೂರನೇ ಗುಹೆಯ ಕಂಬಸಾಲು

ಎಲ್ಲರೂ ಸಾಲಿ ಟ್ರಿಪ್‌ನಲ್ಲಿ ಹೋದ ಜಾಗ. ಮಂಗ್ಯಾಗಳು ಕುರಕುರೆ ಕಸಿದುಕೊಂಡಿದ್ದು ಬಿಟ್ಟರೆ ಬೇರೆ ಏನು ನೆನಪೈತಿ ಹೇಳ್ರಿ?

ಈ ಗುಹೆಯಲ್ಲಿ ಒಂದು ಶಾಸನ ಐತಿ. ಕಾಲ ಶಕ ವರ್ಷ 500, ಕಾರ್ತಿಕ ಹುಣ್ಣಿಮೆ, ಅಂದರೆ ಕ್ರಿ.ಶ. 578. ಚಾಲುಕ್ಯ ದೊರೆ ಒಂದನೇ ಕೀರ್ತಿವರ್ಮನ ಆಳ್ವಿಕೆಯ 12ನೇ ವರ್ಷ. ವಿಷ್ಣುವಿಗಾಗಿ ಈ ಗುಹೆ ಕೊರೆಸಿದವನು ದೊರೆಯ ತಮ್ಮ ಮಂಗಳೇಶ. ಪೂಜೆಗೆ, ದಿನಾ 16 ಜನ ಬ್ರಾಹ್ಮಣರ ಊಟಕ್ಕೆ ಅಂತ ಲಂಜಿಗೇಸರ ಅನ್ನೋ ಊರನ್ನು ದತ್ತಿ ಬಿಟ್ಟ. ಅಲ್ಲೇ ಹೊರಗೆ ಕನ್ನಡದಲ್ಲೂ ಒಂದು ಚಿಕ್ಕ ಶಾಸನ ಐತಿ. ಅದರಲ್ಲಿ ಈ ಗುಹೆಗೆ ಬಳಸಿದ ಪದ 'ಕಲ್ಮನೆ'. ಎಷ್ಟು ಚೆಂದ ಐತಿ ನೋಡ್ರಿ, ಕಲ್ಲಿನ ಮನೆ.

ಈ ಶಾಸನವನ್ನು ನಾವು ಕಲೆಗೆ, ಭಾಷೆಗೆ ಅಂತ ಓದುತ್ತೀವಿ. ಒಂದು ಸಲ ಉತಾರ ಓದಿದ ಹಾಗೆ ಓದಿ ನೋಡ್ರಿ. ಯಾರು ಕಟ್ಟಿಸಿದರು, ಯಾವತ್ತು, ಯಾರ ಆಳ್ವಿಕೆಯಲ್ಲಿ, ಯಾವ ದೇವರಿಗೆ, ಖರ್ಚು ಯಾವ ಊರಿನ ಆದಾಯದಿಂದ, ಎಲ್ಲಾ ಬರೆದೈತಿ. ಆ ಕಾಲದ ದಾನಶಾಸನಗಳ ಕೊನೆಗೆ ಶಾಪನೂ ಇರುತ್ತಿತ್ತು: ಕೊಟ್ಟ ಭೂಮಿ ಕಿತ್ತುಕೊಂಡವನು ಅರವತ್ತು ಸಾವಿರ ವರ್ಷ ಹುಳುವಾಗಿ ಹುಟ್ಟುತ್ತಾನೆ ಅಂತ. ಪೊಲೀಸ್ ಬಂದೋಬಸ್ತ್ ಇಲ್ಲದ ಕಾಲದಲ್ಲಿ ಜಾರಿ ಮಾಡಿಸೋ ದಾರಿ ಅದು.

ಆದರೆ ಒಂದು ಮಾತು. ಅವತ್ತು ಸರ್ಕಾರ ಅಂದ್ರೆ ರಾಜನೇ. ಗುಡಿ ಕಟ್ಟುವವನೂ ರಾಜನ ಮನೆತನ, ಜಾಗ ಕೊಡುವವನೂ ರಾಜ. ಪರವಾನಗಿ ಯಾರನ್ನು ಕೇಳಬೇಕು? ಅದೇ ಹೊತ್ತಿನಲ್ಲಿ ಊರ ಹೊರಗೆ ಮರದ ಬುಡಕ್ಕೆ ಕಲ್ಲು ಇಟ್ಟು ಪೂಜೆ ಮಾಡಿದ ಒಕ್ಕಲು ಮಂದಿಯೂ ಇದ್ದಿರಬೇಕು. ಅವರ ದೇವರಿಗೆ ಶಾಸನ ಬರೆಸೋರು ಯಾರೂ ಇರಲಿಲ್ಲ. ರಾಜನ ದೇವರಿಗೆ ಕಲ್ಲಿನ ದಾಖಲೆ, ನಮ್ಮ ದುರಗವ್ವಗ ಬಾಯಿಮಾತಿನ ದಾಖಲೆ. ಇವತ್ತಿನ ಜಗಳದ ಬೇರು ಇಲ್ಲೇ ಐತಿ ಅಂತ ನನಗನಿಸುತ್ತೆ.

ಭಾಗ 3/10
ಫೋಟೊ: ಐಹೊಳೆ, ಲಾಡಖಾನ ಗುಡಿ

ಇಲ್ಲಿ ಕಥೆ ಉಲ್ಟಾ. ಮಂದಿ ಜಾಗದಲ್ಲಿ ದೇವರು ಬಂದು ಕುಂತಿದ್ದಲ್ಲ, ದೇವರ ಮನೆಯಲ್ಲಿ ಮಂದಿ ಬಂದು ಸಂಸಾರ ಹೂಡಿದ್ದು.

ಐಹೊಳೆಯಲ್ಲಿ ನೂರಕ್ಕೂ ಹೆಚ್ಚು ಹಳೆಯ ಗುಡಿಗಳಿವೆ. ಮೇಗುಟಿ ಗುಡಿಯ ರವಿಕೀರ್ತಿಯ ಶಾಸನ ಕ್ರಿ.ಶ. 634ರದು. ಆ ರಾಜರು ಹೋದರು, ಪೂಜೆ ನಿಂತಿತು, ಕಟ್ಟಡ ಉಳಿಯಿತು. ಬಿಸಿಲು ಮಳೆಗೆ ಗಟ್ಟಿ ಕಲ್ಲಿನ ಮನೆ ಸಿಕ್ಕರೆ ಯಾರು ಬಿಡ್ತಾರ? ಊರವರು ಒಳಗೆ ಹೋಗಿ ವಾಸ ಮಾಡಿದರು, ದನ ಕಟ್ಟಿದರು, ಕಣಜ ಮಾಡಿಕೊಂಡರು. ಗುಡಿಗಳ ಹೆಸರು ಓದ್ರಿ: ಲಾಡಖಾನ, ಹುಚ್ಚಪ್ಪಯ್ಯನ ಮಠ, ಗೌಡರ ಗುಡಿ, ಅಂಬಿಗೇರ ಗುಡಿ, ಬಡಿಗೇರ ಗುಡಿ. ಇವು ದೇವರ ಹೆಸರಲ್ಲ. ಅಲ್ಲಿ ಇದ್ದವರ, ಪಕ್ಕದಲ್ಲಿದ್ದವರ ಹೆಸರು. ಲಾಡಖಾನ ಅನ್ನೋ ಮುಸ್ಲಿಂ ಒಬ್ಬ ಇದ್ದ ಅಂತಲೇ ಆ ಗುಡಿಗೆ ಆ ಹೆಸರು. ದುರ್ಗದ ಗುಡಿಯೂ ದುರ್ಗಾದೇವಿಯದಲ್ಲ, ಕೋಟೆ ಅನ್ನೋ ಅರ್ಥದ ದುರ್ಗದಿಂದ ಬಂದದ್ದು.

ಆಮೇಲೆ ಕಾನೂನು ಬಂತು. ಮೊದಲು 1904ರ ಪ್ರಾಚೀನ ಸ್ಮಾರಕಗಳ ಸಂರಕ್ಷಣೆ ಕಾಯ್ದೆ, ಆಮೇಲೆ 1958ರದು. 2010ರ ತಿದ್ದುಪಡಿ ಆದ ಮೇಲಂತೂ ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ ಪ್ರದೇಶ, ಅದರಾಚೆ 200 ಮೀಟರ್ ನಿಯಂತ್ರಿತ ಪ್ರದೇಶ. ಬಾದಾಮಿ, ಐಹೊಳೆ, ಪಟ್ಟದಕಲ್ಲಿನ ದೋಸ್ತರಿಗೆ ಇದನ್ನು ನಾನು ಹೇಳಬೇಕಾಗಿಲ್ಲ. ಅಪ್ಪ ಕಟ್ಟಿದ ಮನೆಗೆ ಒಂದು ಮಾಳಿಗಿ ಏರಿಸೋಕೆ ಎಷ್ಟು ಕಚೇರಿ ತಿರುಗಬೇಕು ಅಂತ ನಿಮಗೇ ಗೊತ್ತು. ಐಹೊಳೆಯ ಮನೆಗಳನ್ನು ಸ್ಥಳಾಂತರಿಸೋ ಮಾತು ದಶಕಗಳಿಂದ ನಡೆದೇ ಐತಿ.

ಅಂದ್ರೆ ನಮ್ಮ ಜಿಲ್ಲೆಯ ಮಂದಿಗೆ ಅತಿಕ್ರಮಣ ಅನ್ನೋ ಪದ ಹೊಸದಲ್ಲ. 1,400 ವರ್ಷದ ಗುಡಿಯ ಪಕ್ಕದ ಬಡವರ ಮನೆಗೆ ಕಾನೂನು ಬಿಗಿ. ಹಂಗಾದರ ನಿನ್ನೆ ಮೊನ್ನೆ ರೋಡಿನ ಮೇಲೆ ಎದ್ದ ಗುಡಿಗೆ? ಈ ಪ್ರಶ್ನೆ ಇಟ್ಟುಕೊಳ್ರಿ, ಮುಂದೆ ಬೇಕಾಗುತ್ತೆ.

ಭಾಗ 4/10
ಫೋಟೊ: ಹಳೆಯ ಸರ್ವೆ ಕಲ್ಲು, ಹೊಲದ ಬದುವಿನಲ್ಲಿ

ಇದು ಬಾಂದುಕಲ್ಲು. ಇತಿಹಾಸದಲ್ಲಿ ಇದಕ್ಕೂ ಒಂದು ಜಾಗ ಕೊಡಬೇಕು.

ಬಾಗಲಕೋಟೆ, ಬಾದಾಮಿ, ಹುನಗುಂದ ಭಾಗ ಬ್ರಿಟಿಷರ ಕಾಲಕ್ಕೆ ಮುಂಬೈ ಪ್ರಾಂತ್ಯದಲ್ಲಿತ್ತು. 1880ರ ದಶಕದವರೆಗೆ ಜಿಲ್ಲಾ ಕೇಂದ್ರ ನಮ್ಮ ಕಲಾದಗಿ, ಆಮೇಲೆ ವಿಜಾಪುರ. ಮುಧೋಳ, ಜಮಖಂಡಿ ಬೇರೆ ಸಂಸ್ಥಾನಗಳು. ಅದಕ್ಕೇ ಇವತ್ತಿಗೂ ನಮ್ಮ ಕಡೆ ಉತಾರ, ಗಾಂವಠಾಣ, ಗಾಯರಾಣ, ತಲಾಟಿ ಅನ್ನೋ ಪದ. ಮೈಸೂರು ಕಡೆಯವರು ಪಹಣಿ, ಗ್ರಾಮಠಾಣ, ಗೋಮಾಳ ಅಂತಾರ.

1879ರಲ್ಲಿ ಬಾಂಬೆ ಭೂಕಂದಾಯ ಸಂಹಿತೆ ಬಂತು. ಅದರ ಕಲಂ 37ರ ಸಾರ ಇಷ್ಟು: ಸಾರ್ವಜನಿಕ ರಸ್ತೆ, ಓಣಿ, ಹಳ್ಳ, ಹೊಳೆ, ಕೆರೆ, ಮತ್ತು ಬೇರೆ ಯಾರದ್ದೂ ಅಲ್ಲದ ಎಲ್ಲ ಭೂಮಿ ಸರ್ಕಾರದ್ದು. ಕಲಂ 61ರಲ್ಲಿ ಅನಧಿಕೃತವಾಗಿ ಹಿಡಿದುಕೊಂಡವರಿಗೆ ದಂಡ. ಇನಾಂ ಇದ್ದ ದೊಡ್ಡ ದೇವಸ್ಥಾನ, ಮಠ, ದರ್ಗಾಗಳ ಭೂಮಿಯನ್ನು ಸನದು ನೋಡಿ, ವಿಚಾರಣೆ ಮಾಡಿ ಬರೆದುಕೊಂಡರು. ಕಾಗದ ಇದ್ದವರು ಪುಸ್ತಕದೊಳಗೆ ಬಂದರು.

ಬೇವಿನ ಮರದ ಬುಡದ ಕಲ್ಲಿಗೆ ಸನದು ಯಾರು ಕೊಡಬೇಕು? ಸರ್ವೆಯವರು ಸರಪಳಿ ಹಿಡಿದು ಬಂದಾಗ ಅಂಥ ಜಾಗ ಗಾಂವಠಾಣದಲ್ಲೋ ಗಾಯರಾಣದಲ್ಲೋ ಸೇರಿಹೋಯ್ತು. ಪೂಜೆ ನಡೀತಾನೇ ಇತ್ತು, ಯಾರೂ ಬ್ಯಾಡ ಅನ್ನಲಿಲ್ಲ. ಆದರೆ ಪುಸ್ತಕದಲ್ಲಿ ಅದು ಸರ್ಕಾರದ್ದು.

ಇನ್ನೊಂದು ವಿಷಯ ಎಕ್ಸಾಮಿಗೂ ಬರುತ್ತೆ. ಹಿಂದೂ ದೇವರ ಮೂರ್ತಿ ಕಾನೂನಿನ ಕಣ್ಣಲ್ಲಿ ಒಬ್ಬ 'ವ್ಯಕ್ತಿ'. ಆಸ್ತಿ ಹೊಂದಬಹುದು, ದಾವೆ ಹಾಕಬಹುದು. 1925ರಲ್ಲಿ ಕಲ್ಕತ್ತೆಯ ಮಲ್ಲಿಕ್ ಮನೆತನದ ಮೊಕದ್ದಮೆಯಲ್ಲಿ ಪ್ರಿವಿ ಕೌನ್ಸಿಲ್ ಇದನ್ನು ಸ್ಪಷ್ಟವಾಗಿ ಹೇಳಿತು. ಹಂಗಂತ ದೇವರು ಕುಂತ ಜಾಗವೆಲ್ಲ ದೇವರ ಆಸ್ತಿ ಆಗೋದಿಲ್ಲ. ಮನುಷ್ಯರ ಹಾಗೇ ದೇವರೂ ಹಕ್ಕಿಗೆ ಪುರಾವೆ ತೋರಿಸಬೇಕು.

ಭಾಗ 5/10
ಫೋಟೊ: ಕೂಡಲಸಂಗಮ, ಐಕ್ಯಮಂಟಪಕ್ಕೆ ಇಳಿಯುವ ಮೆಟ್ಟಿಲು

ಸ್ವಾತಂತ್ರ್ಯ ಬಂತು, ಏಕೀಕರಣ ಆಯ್ತು, 1964ರಲ್ಲಿ ನಮ್ಮ ರಾಜ್ಯದ್ದೇ ಭೂಕಂದಾಯ ಕಾಯ್ದೆ ಬಂತು. ಹಳೆಯ ಕಲಂ 37ರ ಮಾತು ಇಲ್ಲಿ ಕಲಂ 67 ಆಯ್ತು. ಕಲಂ 94 ಅನಧಿಕೃತ ಸ್ವಾಧೀನಕ್ಕೆ ದಂಡ, ಕಲಂ 104 ಒಕ್ಕಲೆಬ್ಬಿಸೋದು. ಹೆಸರು ಬದಲಾಯ್ತು, ತತ್ವ ಅದೇ.

ನಮ್ಮ ಜಿಲ್ಲೆಯಲ್ಲಿ ಸರ್ಕಾರ, ದೇವರು, ಭೂಮಿ ಈ ಮೂರು ಎದುರುಬದುರು ನಿಂತ ಅತಿ ದೊಡ್ಡ ಸಂದರ್ಭ ಕೃಷ್ಣಾ ಮೇಲ್ದಂಡೆ ಯೋಜನೆ. ನಾರಾಯಣಪುರ ಜಲಾಶಯದ ಹಿನ್ನೀರು ಕೂಡಲಸಂಗಮಕ್ಕೆ ಬಂತು. ಬಸವಣ್ಣನವರ ಐಕ್ಯಸ್ಥಳ ಮುಳುಗಬಾರದು ಅಂತ ಸುತ್ತ ಬಾವಿಯ ಹಾಗೆ ಗೋಡೆ ಎತ್ತರಿಸಿ ಉಳಿಸಿದರು. ಮೆಟ್ಟಿಲು ಇಳಿದು ಹೋದರೆ ಸುತ್ತ ನೀರು, ನಡುವೆ ಒಣ ನೆಲ. ಆಲಮಟ್ಟಿಯ ನೀರಿಗೆ ಹಳೆ ಬಾಗಲಕೋಟೆಯ ಎಷ್ಟೋ ಓಣಿ ಹೋದವು. ಮನೆ ಕಳಕೊಂಡವರಿಗೆ ನವನಗರ ಕಟ್ಟಿದರು. ಅದರ ಯೋಜನೆ ಮಾಡಿದ್ದು ಹೆಸರಾಂತ ವಾಸ್ತುಶಿಲ್ಪಿ ಚಾರ್ಲ್ಸ್ ಕೊರಿಯಾ.

ನವನಗರದ ಸೆಕ್ಟರ್‌ಗಳಲ್ಲಿ ಅಡ್ಡಾಡಿದವರಿಗೆ ಗೊತ್ತು. ಯೋಜನೆ ಮಾಡಿದ ಬಡಾವಣೆ ಅಂದ್ರೆ ಉದ್ಯಾನಕ್ಕೆ ಬೇರೆ ಜಾಗ, ಸಾಲಿಗೆ ಬೇರೆ, ನಾಗರಿಕ ಸೌಲಭ್ಯಕ್ಕೆ ಬೇರೆ. ಪ್ರಾರ್ಥನಾ ಮಂದಿರ ಬೇಕಾದರೆ ನಾಗರಿಕ ಸೌಲಭ್ಯದ ನಿವೇಶನಕ್ಕೆ ಅರ್ಜಿ ಹಾಕೋ ದಾರಿ ಐತಿ. ಆದರೆ ಅರ್ಜಿ ಅಂದ್ರೆ ವರ್ಷಗಟ್ಟಲೆ. ಉದ್ಯಾನದ ಮೂಲೆ ಅಂದ್ರೆ ಒಂದು ರಾತ್ರಿ.

ಉದ್ಯಾನ ಯಾರದು ಅನ್ನೋದಕ್ಕೆ ಬೆಂಗಳೂರಿನ ಒಂದು ಕೇಸ್ ಐತಿ. ರಾಜಮಹಲ್ ವಿಲಾಸ್ ಬಡಾವಣೆಯಲ್ಲಿ ಉದ್ಯಾನಕ್ಕೆ ಬಿಟ್ಟ ಜಾಗವನ್ನು ಖಾಸಗಿ ನರ್ಸಿಂಗ್ ಹೋಮಿಗೆ ಕೊಟ್ಟಿದ್ದರು. ಅಲ್ಲಿನ ನಿವಾಸಿಗಳು ಕೋರ್ಟಿಗೆ ಹೋದರು. 1991ರಲ್ಲಿ ಸುಪ್ರೀಂ ಕೋರ್ಟ್ ಅವರ ಪರವಾಗಿ ತೀರ್ಪು ಕೊಟ್ಟಿತು. ಓಣಿಯ ಸಾಮಾನ್ಯ ಮನುಷ್ಯನಿಗೂ ತನ್ನ ಉದ್ಯಾನಕ್ಕಾಗಿ ಕೋರ್ಟಿಗೆ ಹೋಗೋ ಹಕ್ಕು ಐತಿ ಅಂತ ಅದರಿಂದ ಗಟ್ಟಿಯಾಯ್ತು.

ಭಾಗ 6/10
ಫೋಟೊ: ಹುಬ್ಬಳ್ಳಿ, ಚೆನ್ನಮ್ಮ ಸರ್ಕಲ್ ಹತ್ತಿರದ ಈದ್ಗಾ ಮೈದಾನ

ನಮ್ಮ ಉತ್ತರ ಕರ್ನಾಟಕದಲ್ಲಿ ಇಂಥ ಜಗಳ ಎಷ್ಟು ದೂರ ಹೋಗಬಹುದು ಅನ್ನೋದಕ್ಕೆ ಹುಬ್ಬಳ್ಳಿಗಿಂತ ದೊಡ್ಡ ಉದಾಹರಣೆ ಇಲ್ಲ.

ಸುಮಾರು ಒಂದೂವರೆ ಎಕರೆ ಮೈದಾನ. 1921ರಲ್ಲಿ ಪುರಸಭೆ ಇದನ್ನು ನಮಾಜಿಗಾಗಿ ಅಂಜುಮನ್ ಸಂಸ್ಥೆಗೆ 999 ವರ್ಷಕ್ಕೆ ಲೀಸ್ ಕೊಟ್ಟಿತ್ತು. ಮುಂದೆ ಸಂಸ್ಥೆ ಅಲ್ಲಿ ಕಟ್ಟಡ ಕಟ್ಟೋಕೆ ಹೋದಾಗ ಊರಿನ ಕೆಲವರು 1970ರ ದಶಕದಲ್ಲಿ ಕೋರ್ಟಿಗೆ ಹೋದರು. ವಾದ ಸರಳ: ಇದು ಪುರಸಭೆಯ ಮೈದಾನ, ಎಲ್ಲರದು, ನಮಾಜು ಮಾಡಲಿ, ಕಟ್ಟಡ ಬ್ಯಾಡ. ಕೆಳಗಿನ ಕೋರ್ಟು, ಮೇಲ್ಮನವಿ, 1992ರಲ್ಲಿ ಹೈಕೋರ್ಟ್, ಕೊನೆಗೆ 2010ರಲ್ಲಿ ಸುಪ್ರೀಂ ಕೋರ್ಟ್. ಮೈದಾನ ಪಾಲಿಕೆಯದು, ರಂಜಾನ್ ಮತ್ತು ಬಕ್ರೀದಿಗೆ ವರ್ಷಕ್ಕೆ ಎರಡು ಸಲ ನಮಾಜಿಗೆ ಅವಕಾಶ, ಕಟ್ಟಡಕ್ಕೆ ಇಲ್ಲ. ಇದು ಕೊನೆಗೆ ಉಳಿದ ತೀರ್ಮಾನ.

ಕೋರ್ಟಿನ ಒಳಗೆ ಇದು ಒಂದು ಆಸ್ತಿ ದಾವೆ. ಹೊರಗೆ ಬೇರೆನೇ ಆಗಿತ್ತು. ಅಲ್ಲಿ ರಾಷ್ಟ್ರಧ್ವಜ ಹಾರಿಸೋ ಚಳವಳಿ ಶುರುವಾಯ್ತು. 1994ರ ಆಗಸ್ಟ್ 15ರಂದು ಗಲಾಟೆ, ಗೋಲಿಬಾರ್, ಸಾವು. ಸತ್ತವರ ಮನೆಯವರಿಗೆ ಯಾವ ತೀರ್ಪೂ ಏನೂ ತಂದುಕೊಡಲಿಲ್ಲ. 2022ರ ಆಗಸ್ಟ್ 30ರಂದು ಅದೇ ಮೈದಾನದಲ್ಲಿ ಗಣೇಶೋತ್ಸವಕ್ಕೆ ಪಾಲಿಕೆ ಕೊಟ್ಟ ಅನುಮತಿಯನ್ನು ಧಾರವಾಡದ ಹೈಕೋರ್ಟ್ ಪೀಠ ರಾತ್ರಿ ವಿಚಾರಣೆ ಮಾಡಿ ಎತ್ತಿಹಿಡಿಯಿತು. ಅದೇ ದಿನ ಬೆಂಗಳೂರಿನ ಚಾಮರಾಜಪೇಟೆ ಮೈದಾನದ ವಿಷಯದಲ್ಲಿ ಯಥಾಸ್ಥಿತಿ ಇರಲಿ ಅಂತ ಸುಪ್ರೀಂ ಕೋರ್ಟ್ ಹೇಳಿತು. ಎರಡು ಮೈದಾನ, ಎರಡು ಆದೇಶ, ಯಾಕೆ ಅಂತ ಕ್ಲಾಸಿನಲ್ಲಿ ಕೇಳಿದ್ರಿ ನೆನಪೈತಾ? ಒಂದರ ಒಡೆತನದ ಪ್ರಶ್ನೆ ಕೋರ್ಟಿನಲ್ಲಿ ಮುಗಿದಿತ್ತು, ಇನ್ನೊಂದರದು ವಿವಾದದಲ್ಲೇ ಇತ್ತು.

ಪಾಠ: ಇಂಥ ಕೇಸಿನಲ್ಲಿ ಕೋರ್ಟು ಮೊದಲು ನೋಡೋದು ಮಾಲೀಕ ಯಾರು ಅಂತ. ಯಾವ ದೇವರು ಅಂತ ಅಲ್ಲ.

ಭಾಗ 7/10
ಫೋಟೊ: ರಸ್ತೆ ನಡುವೆ ಕಟ್ಟಿ, ಎರಡೂ ಬದಿ ವಾಹನ (ಜಾಗದ ಹೆಸರು ಬೇಕಂತಲೇ ಹೇಳಿಲ್ಲ)

ದೇಶದ ಮಟ್ಟಕ್ಕೆ ಈ ವಿಷಯ ಹೋಗಿದ್ದು ಗುಜರಾತಿನಿಂದ.

2006ರ ಮೇ 1. ವಡೋದರಾದಲ್ಲಿ ರಸ್ತೆ ಅಗಲೀಕರಣಕ್ಕೆ ಅಂತ ಹಳೆಯ ದರ್ಗಾ ಒಂದನ್ನು ಪಾಲಿಕೆ ಕೆಡವಿತು. ಗಲಭೆ ಆಯ್ತು, ಜನ ಸತ್ತರು. ಮರುದಿನವೇ ಗುಜರಾತ್ ಹೈಕೋರ್ಟ್ ಒಂದು ಪತ್ರಿಕಾ ವರದಿಯನ್ನು ತಾನಾಗಿ ಕೈಗೆತ್ತಿಕೊಂಡು, ಸಾರ್ವಜನಿಕ ಜಾಗದ ಅನಧಿಕೃತ ಧಾರ್ಮಿಕ ಕಟ್ಟಡಗಳನ್ನೆಲ್ಲ ತೆಗೀರಿ ಅಂತ ಆದೇಶ ಮಾಡಿತು. ಪರಿಸ್ಥಿತಿ ಕೈ ಮೀರುತ್ತೆ ಅಂತ ಕೇಂದ್ರ ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಯ್ತು, ಮೇ 4ಕ್ಕೆ ತಡೆ ಸಿಕ್ಕಿತು. ಆ ಕೇಸೇ 'ಯೂನಿಯನ್ ಆಫ್ ಇಂಡಿಯಾ ವಿರುದ್ಧ ಗುಜರಾತ್ ರಾಜ್ಯ'.

ಮೂರು ದಿನಾಂಕ ನೆನಪಿಟ್ಟುಕೊಳ್ರಿ.

2009 ಸೆಪ್ಟೆಂಬರ್ 29: ಇನ್ನು ಮುಂದೆ ಸಾರ್ವಜನಿಕ ರಸ್ತೆ, ಉದ್ಯಾನ, ಇತರ ಸಾರ್ವಜನಿಕ ಜಾಗಗಳಲ್ಲಿ ದೇವಸ್ಥಾನ, ಚರ್ಚು, ಮಸೀದಿ, ಗುರುದ್ವಾರ ಯಾವುದೇ ಹೆಸರಲ್ಲಿ ಅನಧಿಕೃತ ಕಟ್ಟಡಕ್ಕೆ ಅವಕಾಶ ಇಲ್ಲ. ಈಗಾಗಲೇ ಇರೋದನ್ನು ರಾಜ್ಯಗಳು ಒಂದೊಂದಾಗಿ ಪರಿಶೀಲಿಸಿ ಬೇಗ ಕ್ರಮ ತಗೊಳ್ಳಬೇಕು.

2013 ಜನವರಿ 18: ಸಾರ್ವಜನಿಕ ರಸ್ತೆ, ಫುಟ್‌ಪಾತ್‌ಗಳಲ್ಲಿ ಮೂರ್ತಿ, ಪುತ್ಥಳಿ ನಿಲ್ಲಿಸೋಕೂ ಅನುಮತಿ ಕೊಡಬಾರದು.

2018 ಜನವರಿ 31: ಈ ಆದೇಶಗಳ ಜಾರಿಯ ಮೇಲ್ವಿಚಾರಣೆ ಇನ್ನು ಮುಂದೆ ಆಯಾ ರಾಜ್ಯದ ಹೈಕೋರ್ಟಿನದು.

2009ರ ಆದೇಶ ಗಮನವಿಟ್ಟು ಓದಿದರೆ ಅದು ಎಲ್ಲಾ ಕೆಡವಿ ಹಾಕ್ರಿ ಅನ್ನೋದಿಲ್ಲ. ಹೊಸದಕ್ಕೆ ಕಟ್ಟುನಿಟ್ಟು, ಹಳೆಯದಕ್ಕೆ ವಿಚಾರಣೆ. ಮುಂದೆ ರಾಜ್ಯಗಳು ಹಿಡಿದ ದಾರಿ ಮೂರು: ತೆರವು, ಸ್ಥಳಾಂತರ, ಸಕ್ರಮ.

ಮೂರ್ತಿಯ ವಿಷಯ ನಮ್ಮೂರಿಗೂ ಬಂದಿತ್ತು. 2023ರ ಆಗಸ್ಟ್‌ನಲ್ಲಿ ಬಾಗಲಕೋಟೆಯಲ್ಲಿ ಅನುಮತಿ ಇಲ್ಲದೆ ನಿಲ್ಲಿಸಿದ ಶಿವಾಜಿ ಪುತ್ಥಳಿಯನ್ನು ಆಡಳಿತ ತೆರವು ಮಾಡಿತು, ನಿಷೇಧಾಜ್ಞೆ ಹಾಕಿತ್ತು. ಪೇಟೆ ಬಂದ್ ಆದಾಗ ದಿನಗೂಲಿಯವರ ಅವತ್ತಿನ ಊಟಕ್ಕೂ ಕಲ್ಲು ಬೀಳುತ್ತೆ. ಇದನ್ನು ಯಾವ ಅಫಿಡವಿಟ್ಟಿನಲ್ಲೂ ಬರೆಯೋದಿಲ್ಲ.

ಭಾಗ 8/10
ಫೋಟೊ: ನನ್ನ ನೋಟ್‌ಬುಕ್, ಜಿಲ್ಲಾವಾರು ಸಂಖ್ಯೆ

2021ರ ಜುಲೈ 1ರಂದು ರಾಜ್ಯದ ಮುಖ್ಯ ಕಾರ್ಯದರ್ಶಿಗಳು ಜಿಲ್ಲಾಧಿಕಾರಿಗಳಿಗೆ ಪತ್ರ ಬರೆದು, ಅನಧಿಕೃತ ಧಾರ್ಮಿಕ ಕಟ್ಟಡಗಳ ತೆರವು ಚುರುಕು ಮಾಡ್ರಿ ಅಂದರು. ಆ ಪತ್ರದ ಅಂಕಿಗಳು ಪತ್ರಿಕೆಗಳಲ್ಲಿ ಬಂದಿದ್ದವು. ರಾಜ್ಯದಲ್ಲಿ ಒಟ್ಟು 6,395. ದಕ್ಷಿಣ ಕನ್ನಡ 1,579, ಶಿವಮೊಗ್ಗ 740, ಬೆಳಗಾವಿ 612, ಕೋಲಾರ 397. ಐದನೇದು ಯಾರು? ನಮ್ಮ ಬಾಗಲಕೋಟೆ, 352. ಪಕ್ಕದ ಧಾರವಾಡ 324, ಕೊಪ್ಪಳ 306.

352 ಅನ್ನೋದು ಒಂದು ಸಾಲು ಅಷ್ಟೇ. ಆದರೆ ಒಂದೊಂದರ ಹಿಂದೆ ಒಂದು ಓಣಿ, ಒಂದು ಪಟ್ಟಿ ಪುಸ್ತಕ, ಒಂದು ಜಾತ್ರೆ, ಒಬ್ಬ ಪೂಜಾರಿಯ ಸಂಸಾರ ಐತಿ. ಹಂಗೇ ಒಂದೊಂದರ ಹಿಂದೆ ಇಕ್ಕಟ್ಟಾದ ರಸ್ತೆ, ಚಿಕ್ಕದಾದ ಮೈದಾನ, ತಿರುಗೋಕೆ ಜಾಗ ಇಲ್ಲದ ಬಸ್ಸು ಐತಿ. ಎರಡನ್ನೂ ಲೆಕ್ಕಕ್ಕೆ ಹಿಡೀಬೇಕು.

ಸೆಪ್ಟೆಂಬರ್ 8ರಂದು ಮೈಸೂರು ಜಿಲ್ಲೆ ನಂಜನಗೂಡು ತಾಲ್ಲೂಕಿನ ಹುಚ್ಚಗಣಿಯ ಮಹದೇವಮ್ಮ ದೇವಸ್ಥಾನ ಕೆಡವಿದರು. ವಿಡಿಯೊ ನಮ್ಮ ಎಲ್ಲರ ಫೋನಿಗೂ ಬಂದಿತ್ತು. ಜೆಸಿಬಿಯ ಕೈ ಗೋಪುರಕ್ಕೆ ಬಡಿಯೋದು. ನಾನು ಪಿಯು ಓದ್ತಿದ್ದೆ. ಆಯಿ ಅದನ್ನು ನೋಡಿ ಎದ್ದು ಒಳಗೆ ಹೋದಳು, ಅವತ್ತು ಸಂಜೆ ಊಟ ಮಾಡಲಿಲ್ಲ. ಕಾನೂನು ಏನೇ ಇರಲಿ, ನಂಬಿದವರಿಗೆ ಅದು ಮನೆಯವರ ಮೇಲೆ ಕೈ ಮಾಡಿದ ಹಾಗೆ. ಇದನ್ನು ಅರ್ಥ ಮಾಡಿಕೊಳ್ಳದೆ ಬರೀ ಕಲಂ ಹೇಳಿದರೆ ಪ್ರಯೋಜನ ಇಲ್ಲ.

ರಾಜ್ಯದ ತುಂಬಾ ಪ್ರತಿಭಟನೆ ಆಯ್ತು. ಆಗ ಬಸವರಾಜ ಬೊಮ್ಮಾಯಿ ಮುಖ್ಯಮಂತ್ರಿ. ವಿರೋಧ ಪಕ್ಷದ ನಾಯಕರಾಗಿದ್ದ ಸಿದ್ದರಾಮಯ್ಯ ಆಗ ನಮ್ಮ ಬಾದಾಮಿಯ ಶಾಸಕರು. ತೆರವನ್ನು ಎರಡೂ ಕಡೆಯವರು ಟೀಕಿಸಿದರು. ಎರಡೇ ವಾರದಲ್ಲಿ, ಅದೇ ತಿಂಗಳು ವಿಧಾನಸಭೆಯಲ್ಲೂ ಪರಿಷತ್ತಿನಲ್ಲೂ ಹೊಸ ವಿಧೇಯಕ ಪಾಸಾಯ್ತು: ಕರ್ನಾಟಕ ಧಾರ್ಮಿಕ ಕಟ್ಟಡಗಳ (ಸಂರಕ್ಷಣೆ) ಕಾಯ್ದೆ, 2021.

ಭಾಗ 9/10
ಫೋಟೊ: ಗ್ರಂಥಾಲಯದ ಮೇಜು, ಕಾಯ್ದೆಯ ಪ್ರಿಂಟ್, ಮೇಲೆ ಚಹಾದ ಕಲೆ (ನಂದೇ)

ಕಾಯ್ದೆ ನಾಲ್ಕಾರು ಕಲಂಗಳದ್ದು. ನಾನು ವಕೀಲೆ ಅಲ್ಲ, ಓದಿ ತಿಳಿದಷ್ಟು ಹೇಳ್ತೀನಿ.

ಒಂದು, ಕಾಯ್ದೆ ಜಾರಿಗೆ ಬಂದ ದಿನ ಸಾರ್ವಜನಿಕ ಜಾಗದಲ್ಲಿ ಇದ್ದ ಧಾರ್ಮಿಕ ಕಟ್ಟಡವನ್ನು ಸರ್ಕಾರ ಸಂರಕ್ಷಿಸಬೇಕು. ದೇವಸ್ಥಾನ, ಮಸೀದಿ, ಚರ್ಚು, ಗುರುದ್ವಾರ, ಬೌದ್ಧ ವಿಹಾರ ಎಲ್ಲದಕ್ಕೂ ಅನ್ವಯ.
ಎರಡು, ತೆರವಿನ ಬಗ್ಗೆ ಈಗಾಗಲೇ ಕೋರ್ಟಿನಲ್ಲಿ ಕೇಸ್ ಇದ್ದರೆ ಈ ರಕ್ಷಣೆ ಇಲ್ಲ.
ಮೂರು, ಇನ್ನು ಮುಂದೆ ಅನುಮತಿ ಇಲ್ಲದೆ ಕಟ್ಟೋ ಹಾಗಿಲ್ಲ.

ಪರ ಇರುವವರ ಮಾತು: ಶಾಂತಿ ಉಳೀತು, ಶತಮಾನಗಳ ಬಾಯಿಮಾತಿನ ದೇವರಿಗೆ ಮೊದಲ ಸಲ ಕಾಗದದ ಆಸರೆ ಸಿಕ್ಕಿತು. ವಿರೋಧ ಇರುವವರ ಮಾತು: 2009ರ ಗೆರೆಯನ್ನು 2021ಕ್ಕೆ ಎಳೆದಂಗಾಯ್ತು, ಆದೇಶ ಮೀರಿ ಕಟ್ಟಿದವರಿಗೂ ಲಾಭ. ಎರಡರಲ್ಲೂ ಹುರುಳು ಐತಿ. ಕಾಯ್ದೆಯ ಕಣ್ಣಿಗೆ ಮುನ್ನೂರು ವರ್ಷದ ಕಟ್ಟಿಯೂ 2020ರಲ್ಲಿ ರಸ್ತೆ ಮೇಲೆ ಎದ್ದ ಶೆಡ್ಡೂ ಒಂದೇ ಆಗಬಾರದಿತ್ತು ಅಂತ ನನಗನಿಸುತ್ತೆ.

"30 ವರ್ಷ ಆದ ಮ್ಯಾಲೆ ಜಾಗ ನಮ್ದೇ ಅಲ್ಲೇನು?" ಅಂತ ಸ್ಟೋರಿಯಲ್ಲಿ ಒಬ್ಬರು ಕೇಳಿದ್ರಿ. 1963ರ ಕಾಲಮಿತಿ ಕಾಯ್ದೆ ಪ್ರಕಾರ ಜಾಗ ಮರಳಿ ಪಡೆಯೋ ದಾವೆಗೆ ಖಾಸಗಿಯವರಿಗೆ 12 ವರ್ಷ, ಸರ್ಕಾರಕ್ಕೆ 30 ವರ್ಷ ಮಿತಿ. ಆದರೆ ಮಾಲೀಕನಿಗೆ ವಿರುದ್ಧವಾಗಿ, ಬಹಿರಂಗವಾಗಿ, ಬಿಡುವಿಲ್ಲದೆ ಹಿಡಿದುಕೊಂಡಿದ್ದೀವಿ ಅಂತ ರುಜುವಾತು ಮಾಡಬೇಕು. ಊರೆಲ್ಲ ಬಂದು ಹೋಗೋ ಕಟ್ಟಿಗೆ ಇದು ಸುಲಭ ಅಲ್ಲ. ಮೇಲಾಗಿ 2011ರ ಜನವರಿ 28ರಂದು ಜಗಪಾಲ್ ಸಿಂಗ್ ಕೇಸಿನಲ್ಲಿ ಸುಪ್ರೀಂ ಕೋರ್ಟ್, ಊರ ಸಾಮೂಹಿಕ ಭೂಮಿಯನ್ನು ಎಷ್ಟೇ ವರ್ಷ ಹಿಡಿದಿದ್ದರೂ ಅದೇ ಸಕ್ರಮಕ್ಕೆ ಕಾರಣ ಆಗಬಾರದು ಅಂದೈತಿ.

ಕಣ್ಣು ಮುಚ್ಚಿ ಕುಂತರೆ ಏನಾಗುತ್ತೆ ಅನ್ನೋದಕ್ಕೆ ಇಂದೋರ್ ನೋಡ್ರಿ. ಉದ್ಯಾನದಲ್ಲಿದ್ದ ಹಳೆಯ ಬಾವಿಯ ಮೇಲೆ ಸ್ಲ್ಯಾಬ್ ಹಾಕಿ ದೇವಸ್ಥಾನ ವಿಸ್ತರಿಸಿದ್ದರು. ಪಾಲಿಕೆ ನೋಟಿಸ್ ಕೊಟ್ಟಿತ್ತು, ತೆರವು ಆಗಲಿಲ್ಲ. 2023ರ ಮಾರ್ಚ್ 30, ರಾಮನವಮಿ. ಸ್ಲ್ಯಾಬ್ ಕುಸಿದು 36 ಮಂದಿ ಸತ್ತರು. ಎಲ್ಲರೂ ಪೂಜೆಗೆ ಬಂದವರು.

2024ರ ನವೆಂಬರ್ 13ರ ಬುಲ್ಡೋಜರ್ ತೀರ್ಪೂ ನೆನಪಿರಲಿ. ಕೆಡವೋ ಮೊದಲು 15 ದಿನದ ನೋಟಿಸ್ ಬೇಕು ಅಂತ ಸುಪ್ರೀಂ ಕೋರ್ಟ್ ಹೇಳಿತು. ಆದರೆ ರಸ್ತೆ, ಫುಟ್‌ಪಾತ್, ರೈಲುಹಳಿ ಪಕ್ಕ, ನದಿ ಕೆರೆಗಳಂಥ ಸಾರ್ವಜನಿಕ ಜಾಗದ ಅನಧಿಕೃತ ಕಟ್ಟಡಕ್ಕೆ ಆ ನಿರ್ದೇಶನ ಅನ್ವಯಿಸೋದಿಲ್ಲ ಅಂತಲೂ ಅಲ್ಲೇ ಹೇಳೈತಿ.

ಭಾಗ 10/10
ಫೋಟೊ: ದುರಗವ್ವನ ಗುಡಿ ಮುಂದೆ ಆಯಿ, ಕೈಯಲ್ಲಿ ಎಣ್ಣೆ ಬಟ್ಟಲು

ಈಗ ಆಯಿಯ ಪ್ರಶ್ನೆಗೆ ಬರೋಣ.

ತಾಲ್ಲೂಕು ಕಚೇರಿಯಲ್ಲಿ ಅರ್ಜಿ ಕೊಟ್ಟು ದಾಖಲೆ ತಗೊಂಡೆ. ಮೂರು ಸಲ ತಿರುಗಿದೆ, ಅದು ಬ್ಯಾರೆ ಕಥೆ. ಜಾಗ ಮೊದಲು ಗಾಂವಠಾಣ, ಆಮೇಲೆ ಸಾಲಿಗೆ ಕಾದಿರಿಸಿದ್ದು. ಗುಡಿಯ ಹೆಸರು ಎಲ್ಲೂ ಇಲ್ಲ. ಅಂದ್ರೆ ಕಾಗದದ ಪ್ರಕಾರ ಸಾಲಿ ಮೊದಲು. ಆದರೆ ಸಾಲಿಯ ಮೊದಲ ಕೋಣೆ ಕಟ್ಟಿದಾಗ ಗವಂಡಿ ಮಂದಿ ದುರಗವ್ವಗ ಕಾಯಿ ಒಡೆದು ಕೆಲಸ ಶುರು ಮಾಡಿದ್ದು ಆಯಿಗೆ ಗೊತ್ತು. ಅವಳ ಅತ್ತಿ ಹೇಳಿದ್ದು. ಅಂದ್ರೆ ನೆನಪಿನ ಪ್ರಕಾರ ಅವ್ವ ಮೊದಲು. ನನ್ನ ಮಟ್ಟಿಗೆ ಎರಡೂ ಖರೇ. ಸರ್ವೆಯವರು ಕಲ್ಲನ್ನು ಬರೆದುಕೊಳ್ಳಲಿಲ್ಲ ಅಷ್ಟೇ.

2021ರ ಕಾಯ್ದೆ ಓದಿದರೆ ಕಲ್ಲು, ಕಟ್ಟಿ, ಸ್ಲ್ಯಾಬ್, ಮಂಟಪ ಅವತ್ತಿಗೆ ಇದ್ದವು. ಗ್ರಿಲ್ ಆಮೇಲಿನದು, 2022ರದು. ಹೊಸ ಕೋಣೆಗೆ ಬೇಕಾಗಿರೋ ಜಾಗ ಬಹುತೇಕ ಆ ಗ್ರಿಲ್ಲಿನ ಒಳಗೇ ಐತಿ, ಗುಡಿಯ ಕೆಳಗಲ್ಲ. ಇಷ್ಟು ದಿನ ಊರು ಜಗಳ ಆಡಿದ್ದು ಗುಡಿ ಇರಬೇಕೋ ಹೋಗಬೇಕೋ ಅಂತ. ಯಾರೂ ಟೇಪ್ ಹಿಡಿದು ಅಳೆದಿರಲಿಲ್ಲ. ನಾನು, ಕಾಕಾ, ಸಾಲಿಯ ಸರ್ ಮೂರೂ ಮಂದಿ ಸೇರಿ ಒಂದು ಸಂಜೆ ಅಳೆದಿವಿ.

ಮನೆಗೆ ಬಂದು ಆಯಿಗೆ ಹೇಳಿದೆ. ಆಯಿ ಬತ್ತಿ ಹೊಸೀತಾ ಕುಂತಿದ್ದಳು. ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದಳು: "ಅವ್ವಗ ಗ್ರಿಲ್ ಯಾಕ ಬೇಕು? ಮೊದಲ ಯಾವ ಗ್ರಿಲ್ ಇತ್ತು? ಹುಡುಗೂರು ಆಡೂದ ನೋಡಕೋತ ಕುಂತಿದ್ದಳು ಆಕಿ."

ಊರ ಸಭೆ ಬರೋ ಅಮಾವಾಸ್ಯೆಗೆ ಐತಿ. ಗ್ರಿಲ್ ಹಾಕಿಸಿದವರು ಒಪ್ಪುತ್ತಾರೋ ಇಲ್ಲೋ ಗೊತ್ತಿಲ್ಲ. ಅವರೂ ದುಡ್ಡು ಹಾಕ್ಯಾರ, ಭಕ್ತಿಯಿಂದಲೇ ಹಾಕ್ಯಾರ. ನಾನು ನಕ್ಷೆ ತಗೊಂಡು ಹೋಗ್ತೀನಿ. ಆಯಿ ನಾನೂ ಬರ್ತೀನಿ ಅಂದಾಳ.

ನಿಮ್ಮ ಓಣಿಯಲ್ಲೂ ಇಂಥದ್ದೊಂದು ಇದ್ದೇ ಇರುತ್ತೆ. ಮೂರು ಕೆಲಸ ಮಾಡ್ರಿ. ಉತಾರ ತೆಗೆಸಿ ನೋಡ್ರಿ. ಓಣಿಯ ಹಿರಿಯರನ್ನು ಕೇಳಿ ಬರೆದಿಟ್ಟುಕೊಳ್ರಿ, ಅವರು ಹೋದ ಮೇಲೆ ಆ ದಾಖಲೆ ಎಲ್ಲೂ ಸಿಗೋದಿಲ್ಲ. ಟೇಪ್ ಹಿಡಿದು ಅಳೀರಿ. ಮಂಗಳೇಶ ತನ್ನ ಕಲ್ಮನೆಗೆ ಊರ ಹೆಸರು ಸಮೇತ ಲೆಕ್ಕ ಬರೆಸಿಟ್ಟ. ನಮ್ಮ ದೇವರುಗಳ ಲೆಕ್ಕ ನಾವೇ ಬರೀಬೇಕು.

ಕಾಮೆಂಟಿನಲ್ಲಿ ನಿಮ್ಮೂರ ಕಟ್ಟಿಯ ಕಥೆ ಹಾಕ್ರಿ. ಇನ್ನೊಬ್ಬರ ದೇವರಿಗೆ ಬೈದರೆ ಡಿಲೀಟ್ ಮಾಡ್ತೀನಿ, ಸಿಟ್ಟಾಗಬ್ಯಾಡ್ರಿ. ಸಭೆಯಲ್ಲಿ ಏನಾಯ್ತು ಅಂತ ಸ್ಟೋರಿಯಲ್ಲಿ ಹೇಳ್ತೀನಿ.

#ಬಾಗಲಕೋಟೆ #ಬಾದಾಮಿ #ಹುನಗುಂದ #ಇಳಕಲ್ #ಐಹೊಳೆ #ನಮ್ಮೂರಇತಿಹಾಸ #ಕನ್ನಡ